ಕಟ್ಟೆ ಗೂಡಿನ ಲೋಟ

ಕೂಡ್ಲಿಗಿ,
೪ ಫೆಬ್ರುವರಿ ೨೦೨೫

ಮುದ್ದಿನ ಗಂಗಾಂಬಿಕಾ,

ಕೆಮ್ಮು ಕಡಿಮೆಯಾಯಿತೇ? ಹಿರೇಹಡಗಲಿಯ ಧೂಳಿನಲ್ಲಿ ತಲೆಗೆ ಸೆರಗು ಸುತ್ತಿಕೊಂಡು ಓಡಾಡು. ಅಳಿಯಂದಿರೂ ನಿನ್ನ ಮಾವ ಮೈಲಪ್ಪನವರೂ ಆರಾಮ ಇದ್ದಾರೆಂದು ನಂಬಿದ್ದೇನೆ. ಫೋನು ಎತ್ತುವುದಿಲ್ಲವೆಂದು ನಿನ್ನ ಹಠ; ಈ ಕಾಗದವನ್ನಾದರೂ ಹರಿಯದೆ ಓದು. ಮದುವೆಯಾದ ಮರುವಾರ ಮೈಲಪ್ಪನವರು ಬಂದಾಗ, ಕುರಿ ಸಾಕುವ, ಮಾಂಸ ಉಣ್ಣುವ ಮನೆಯವರೆಂದು ನಿಮ್ಮಪ್ಪ ಕಟ್ಟೆಯ ಗೂಡಿನಲ್ಲಿ ಬೇರೆಯಾಗಿಟ್ಟ ಲೋಟದಲ್ಲಿ ಚಹಾ ಕೊಟ್ಟರು. ಅಂದು ಎದ್ದು ಹೋದವಳು ವರ್ಷವಾದರೂ ಈ ಹೊಸ್ತಿಲು ತುಳಿದಿಲ್ಲ. ನಿನ್ನದು ತಪ್ಪೆಂದು ನಾನು ಹೇಳುವುದಿಲ್ಲ.

ಈಗ ಸುದ್ದಿ ಕೇಳು, ನಗುತ್ತೀಯ. ನಿನ್ನ ಚಿಕ್ಕಮ್ಮನ ಮಗ ಅರುಣಕುಮಾರ್ ದೊಡ್ಡಮನುಷ್ಯರ ಬೂಟಾಟಿಕೆಯ ಮೇಲೆ ಒಂದು ಕಿರುಚಿತ್ರ ತೆಗೆದ. ಅದಕ್ಕೆ ಅಂಥದೇ ಹಳೆಯ ಲೋಟ ಬೇಕೆಂದು ಓಣಿಯೆಲ್ಲ ಸುತ್ತಿದರೆ ಒಂದು ಮನೆಯಲ್ಲೂ ಇಲ್ಲ! ಪಕ್ಕದ ಮನೆಯ ಹಾಲೇಶಪ್ಪನವರಂತೂ, "ನಮ್ಮಲ್ಲಿ ಅಂಥಾದ್ದು ಎಲ್ಲೈತಪ್ಪ?" ಅಂದರಂತೆ, ಲೋಟ ಅವರ ತಲೆಯ ಮೇಲಿನ ಗೂಡಿನಲ್ಲೇ ಇತ್ತು. ನಿಮ್ಮಪ್ಪನೂ ಇಲ್ಲವೆಂದರು. ಅರುಣ ಸೋತು ಅಂಗಡಿಯಿಂದ ಹೊಸದು ತಂದ. ಸಭೆ ಸಭೆಯಲ್ಲೂ ಸಮಾನತೆಯ ಭಾಷಣ ಮಾಡುವ ನಿಮ್ಮಪ್ಪನದೇ ಯಜಮಾನನ ಪಾತ್ರ, ಮೀಸೆಗೆ ಬಣ್ಣ ಬೇರೆ. ನಮ್ಮ ಕಟ್ಟೆಯ ಮೇಲೇ ಶೂಟಿಂಗ್. ಕುರಿಗಾರನ ವೇಷದಲ್ಲಿ ಅರುಣನ ಗೆಳೆಯ ಗಾಳೆಪ್ಪ ಬಂದು ಕೂತ. ನಿಮ್ಮಪ್ಪ ಪಕ್ಕದಲ್ಲಿಟ್ಟ ಹೊಸ ಲೋಟ ಬಿಟ್ಟು, ಯಾರೂ ಹೇಳದಿದ್ದರೂ, ಸೀದಾ ಗೂಡಿಗೆ ಕೈಹಾಕಿ ನಮ್ಮ ಹಳೆಯದನ್ನೇ ತೆಗೆದರು. "ಭಾಳ ಚಲೋ ಬಂತು ದೊಡ್ಡಪ್ಪ, ಯಾರು ಹೇಳಿಕೊಟ್ರು?" ಎಂದು ಅರುಣ ಕೇಳಿದ. ಇವರು ಮೀಸೆಯ ಬಣ್ಣ ಒರೆಸಿಕೊಳ್ಳುತ್ತ ಒಳಗೆ ಹೋದರು.

ಮೊನ್ನೆ ಭಾನುವಾರ ಕಲ್ಯಾಣಮಂಟಪದಲ್ಲಿ ಚಿತ್ರ ತೋರಿಸಿದ. ಓಣಿಯವರೆಲ್ಲ ಹೊಟ್ಟೆ ಹಿಡಿದುಕೊಂಡು ನಕ್ಕರು, ಹಾಲೇಶಪ್ಪನವರು ಎಲ್ಲರಿಗಿಂತ ಜೋರಾಗಿ. ನಿಮ್ಮಪ್ಪ ಮಾತ್ರ ನಗಲಿಲ್ಲ. ಮನೆಗೆ ಬಂದವರೇ, "ನಾನು ಹಂಗ ಕಾಣ್ತೀನೇನು?" ಎಂದರು. "ಕ್ಯಾಮೆರಾ ಇಲ್ಲದಾಗೂ ಹಂಗ ಕಾಣ್ತೀರಿ" ಅಂದುಬಿಟ್ಟೆ. ಆಮೇಲೆ ನನಗೇ ನಾಚಿಕೆಯಾಯಿತು. ಮೂವತ್ತು ವರ್ಷ ಆ ಲೋಟವನ್ನು ಮುಟ್ಟದೆ ಅದಕ್ಕೆ ಮೇಲಿನಿಂದ ಚಹಾ ಸುರಿದವಳು ನಾನೇ ಅಲ್ಲವೇ?

ನಿನ್ನ ಅತ್ತೆ ಪಾಲಮ್ಮನವರಿಗೆ ನನ್ನ ಶರಣು ತಿಳಿಸು. ನೀನೂ ಅಳಿಯಂದಿರೂ ತಣ್ಣಗಿರಿ.

ನಿನ್ನ ಅವ್ವ,
ಪಂಪಮ್ಮ

ತಾ.ಕ.: ಮುಖ್ಯವಾದದ್ದನ್ನೇ ಮರೆತೆ. ಬರುವ ಸೋಮವಾರ ಬೆಳಗಿನ ಬಸ್ಸಿಗೆ ನಿಮ್ಮಪ್ಪ ಅಲ್ಲಿಗೆ ಬರುತ್ತಾರೆ. ಲೋಟವನ್ನು ಆಗಲೇ ಚೀಲಕ್ಕೆ ಹಾಕಿಕೊಂಡಿದ್ದಾರೆ. ಬೀಗರ ಮುಂದೆ ಕೂತು ತಾವೇ ಅದರಲ್ಲಿ ಚಹಾ ಕುಡಿಯುತ್ತಾರಂತೆ. ನೀನು ಕರಗಿ ಬೇರೆ ಲೋಟ ಕೊಡಬೇಡ. ನಿನ್ನೆ ನಾನು ಅದರಲ್ಲಿ ಕುಡಿದು ನೋಡಿದೆ: ಅಂಚು ಸೀಳುಬಿಟ್ಟಿದೆ, ತುಟಿಗೆ ಚುಚ್ಚುತ್ತದೆ. ಇಷ್ಟು ವರ್ಷ ಕುಡಿದವರು ಒಬ್ಬರೂ ಹೇಳಲಿಲ್ಲ. ನಿಮ್ಮಪ್ಪನಿಗೆ ನಾನೂ ಹೇಳಿಲ್ಲ. ಕುಡಿದೇ ತಿಳಿಯಲಿ.