ಹಳ್ಳದಕೇರಿಯ ಸ್ಮಶಾನದ ದಾರಿ

ಹಳ್ಳದಕೇರಿ,
ಕ್ರಿ.ಶ. 2163, ಬಿಸಿಲುಮಾಸದ ಆರನೇ ದಿನ

ನಮ್ಮ ತಾಲೂಕಿನ ಹಳೆಯ ತಹಶೀಲ್ದಾರ್ ಸಾಹೇಬರಿಗೆ,

ನೂರು ವರ್ಷ ಹಿಂದಕ್ಕೆ, ನೀವಿನ್ನೂ ಕುರ್ಚಿಯಲ್ಲಿರುವ ಕಾಲಕ್ಕೆ ಇದನ್ನು ಬರೆಯುತ್ತಿದ್ದೇನೆ. ಕೆಲವು ಮಾತು ನಿಮಗೆ ವಿಚಿತ್ರವೆನಿಸಿದರೆ ಮನ್ನಿಸಬೇಕು. ಬಿಸಿಲುಮಾಸವೆಂದರೆ ಹಗಲು ಯಾರೂ ಹೊರಗೆ ಬರಬಾರದೆಂದು ಸರ್ಕಾರ ಸಾರಿದ ತಿಂಗಳು. ಕೇರಿಗೆಲ್ಲ ಒಂದೇ ತಂಪುಕೋಣೆ, ಅದೊಂದು ನೆಲಮಾಳಿಗೆ. ಬಾಗಿಲಿಗೆ ಒದ್ದೆ ಗೋಣಿ ಕಟ್ಟಿಕೊಂಡು ಎಲ್ಲರೂ ಅದರೊಳಗೆ ಕೂತಿದ್ದೇವೆ. ಕೋರ್ಟು ನಸುಕಿನಲ್ಲಿ ಕೂತು ಬಿಸಿಲೇರುವ ಮೊದಲು ಏಳುತ್ತದೆ. ನಮ್ಮ ಊಟ, ಉಡುಗೆ ಯಾವುದೂ ನಿಮ್ಮ ಕಾಲದ್ದಲ್ಲ. ತಹಶೀಲ್ದಾರ್ ಎಂಬ ಹೆಸರು ಮಾತ್ರ ಹಾಗೇ ಇದೆ. ನಿಮಗೆ ಬಂದ ಆ ಆದೇಶವೂ ಹಾಗೇ ಇದೆ.

ನಮ್ಮ ಕೇರಿಯವರಿಗೆ ಸ್ಮಶಾನದ ದಾರಿ ಬಿಡಿಸಿಕೊಡಿ ಎಂದು ಹೈಕೋರ್ಟು ಹೇಳಿತ್ತು. ದಾರಿಗೆ ಅಡ್ಡ ಊರ ದೊಡ್ಡವರ ಗೇಟು, ಗೇಟಿಗೆ ಬೀಗ. ನೀವು ಆದೇಶ ಓದಿ ಪಕ್ಕಕ್ಕಿಟ್ಟಿರಿ. ನಿಮ್ಮ ನಂತರದವರು ಮೇಲ್ಮನವಿ ಹೋಗಿ ಸೋತು, ಅವರೂ ಪಕ್ಕಕ್ಕಿಟ್ಟರು. ನಾವು ಹಳ್ಳಕ್ಕಿಳಿದು ಹೆಣ ಹೊತ್ತೆವು.

ಕಡೆಗೆ ನಮ್ಮವ್ವ ಸೋಮವ್ವ ನ್ಯಾಯಾಂಗ ನಿಂದನೆಯ ಅರ್ಜಿ ಹಾಕಿದಳು. ಆಗಿನ ತಹಶೀಲ್ದಾರ್ ವಿಶ್ವಂಭರಯ್ಯ, ದಾರಿ ತೆರೆದಿದೆ ಎಂದು ಪ್ರಮಾಣಪತ್ರ ಕೊಟ್ಟರು. ಅವತ್ತು ಗೇಟು ತೆರೆದೇ ಇತ್ತು. ಫೋಟೋ ತೆಗೆದುಕೊಂಡು ಹೋದರು, ಸಂಜೆಗೆ ಬೀಗ ಬಿತ್ತು. ಆ ಮಳೆಗಾಲದಲ್ಲೇ ಅವ್ವ ತೀರಿಕೊಂಡಳು. ಚಟ್ಟ ಹೊತ್ತು ಗೇಟಿನ ಮುಂದೆ ಬಹಳ ಹೊತ್ತು ನಿಂತೆವು. ಕೀಲಿ ಇದ್ದವರು ಬರಲಿಲ್ಲ. ಹಳ್ಳದಲ್ಲಿ ನನ್ನ ತಮ್ಮನ ಕಾಲು ಜಾರಿ ಅವ್ವ ನೀರಿಗೆ ಬಿದ್ದಳು. ಎತ್ತಿಕೊಂಡು ನಡೆದೆವು.

ಮುಂದಿನ ವಿಚಾರಣೆಗೆ ಅವಳ ಜಾಗದಲ್ಲಿ ನಾನು ನಿಂತೆ. ವಿಶ್ವಂಭರಯ್ಯ ಕೈಮುಗಿದು ಬೇಷರತ್ ಕ್ಷಮೆ ಕೇಳಿದರು. ನ್ಯಾಯಮೂರ್ತಿಗಳು ನನ್ನ ಕಡೆ ತಿರುಗಿ, "ನೀವೇನು ಹೇಳ್ತೀರಮ್ಮ?" ಎಂದರು.

"ಕ್ಷಮಾ ತಗೊಂಡು ನಾ ಏನ್ ಮಾಡ್ಲಿರಿ ಸಾಹೇಬ್ರ? ಬೀಗ ತೆಗಸ್ರಿ."

ವಿಶ್ವಂಭರಯ್ಯನವರಿಗೆ ಜೈಲಾಯಿತು. ಸುದ್ದಿ ಕೇಳಿ ಕೇರಿಯಲ್ಲಿ ಸಿಹಿ ಹಂಚಿದರಂತೆ. ಶಿಕ್ಷೆಯಾಯಿತಲ್ಲ, ಈ ಅರ್ಜಿ ಮುಗಿಯಿತು ಎಂದರು ನಮ್ಮ ವಕೀಲರು.

"ಮತ್ತ ಬೀಗ?"

"ಅದಕ್ಕ ಬ್ಯಾರೆ ಅರ್ಜಿ ಹಾಕಬೇಕವ್ವಾ."

ನಾನು ಕೋರ್ಟಿನಿಂದ ಊರಿಗೆ ಮರಳುವಾಗ ಜೈಲಿನ ಬಾಗಿಲಲ್ಲಿ ವಿಶ್ವಂಭರಯ್ಯನ ಹೆಂಡತಿ ಬುತ್ತಿ ಹಿಡಿದು ನಿಂತಿದ್ದಳು. ನನ್ನನ್ನು ಕಂಡು ತಲೆ ತಗ್ಗಿಸಿದಳು. ನನಗೆ ಸಂತೋಷವೂ ಆಗಲಿಲ್ಲ, ಸಿಟ್ಟೂ ಬರಲಿಲ್ಲ. ಎಲ್ಲಾದರೂ ಕೂತರೆ ಸಾಕು ಎನಿಸಿತು.

ಬೇರೆ ಅರ್ಜಿ ಹಾಕಿದ್ದೇನೆ. ಹೊಸ ತಹಶೀಲ್ದಾರರು ಸಮಯ ಕೇಳಿದ್ದಾರೆ. ಕೋರ್ಟು ಕೊಟ್ಟಿದೆ.

ಸಾಹೇಬರೇ, ನೀವಿರುವ ಕಾಲದಲ್ಲಿ ಆದೇಶ ಈಗಷ್ಟೇ ನಿಮ್ಮ ಮೇಜಿಗೆ ಬಂದಿದೆ. ಇಬ್ಬರು ಪೊಲೀಸರನ್ನೂ ಒಬ್ಬ ಕಮ್ಮಾರನನ್ನೂ ಕರೆದುಕೊಂಡು ಹೋದರೆ ಮುಗಿಯುವ ಕೆಲಸ. ದೊಡ್ಡವರು ಸ್ವಲ್ಪ ಕಾಲ ನಿಮ್ಮ ಮೇಲೆ ಮುನಿಸಿಕೊಂಡಾರು, ತಡೆದುಕೊಳ್ಳಿ. ಇವತ್ತೇ ಹೋಗಿ ಆ ಗೇಟು ಕೀಳಿಸಿಬಿಡಿ. ನಮ್ಮವ್ವ ಇನ್ನೂ ಹುಟ್ಟಿಲ್ಲ.

ಇಂತಿ,
ಸೋಮವ್ವನ ಮಗಳು ತಿಪ್ಪವ್ವ