ಉಕ್ಕಿನೂರಿನ ಅಂಜೂರದ ಗಿಡ

ಶೆಫೀಲ್ಡ್, ಭಾನುವಾರ

ಮಾಗನೂರಿನ ಅವ್ವನಿಗೆ ಶೈಲಜಾಳ ಶರಣು.

ಈ ಊರು ಗುಡ್ಡಗಳ ಮೇಲಿದೆ, ಎಲ್ಲಿ ನೋಡಿದರೂ ಗಿಡಮರ. ಇವತ್ತು ನಮ್ಮ ಮನೆಯವರು ನನ್ನನ್ನು ಡಾನ್ ನದಿಯ ದಂಡೆಗೆ ಕರೆದೊಯ್ದರು. ಅಲ್ಲಿ ಮುಚ್ಚಿಹೋದ ಉಕ್ಕಿನ ಕಾರ್ಖಾನೆಯ ಮಸಿಗೋಡೆ. ಅದರ ಬುಡದಲ್ಲಿ, ಇಂಥ ಚಳಿಯ ಸೀಮೆಯಲ್ಲಿ, ಮನೆಯೆತ್ತರದ ಅಂಜೂರದ ಗಿಡ. ಕಣ್ಣನ್ನೇ ನಂಬದೆ ನಿಂತುಬಿಟ್ಟೆ.

ಪಕ್ಕದಲ್ಲಿ ಮೀನು ಹಿಡಿಯುತ್ತಿದ್ದ ಮುದುಕ ಹಿಂದೆ ಅದೇ ಕಾರ್ಖಾನೆಯಲ್ಲಿ ದುಡಿದವನಂತೆ. ಅವನ ಮಾತನ್ನು ಇವರು ನನಗೆ ತಿಳಿಸಿದರು: “ಕಾರ್ಖಾನಿ ಬಿಸಿನೀರು ಹೊಳಿಗೆ ಬೀಳ್ತಿತ್ತಂತ. ಮಂದಿ ತಿಂದ ಅಂಜೂರದ ಬೀಜ ಮೋರ್ಯಾಗ ಹರದು ಬಂದು ಆ ಕಾವಿಗೆ ಮೊಳಕಿ ಒಡದಾವಂತ. ಕಾರ್ಖಾನಿ ಮುಚ್ಚಿ ನೀರು ತಣ್ಣಗಾತು, ಗಿಡ ಹಂಗೇ ಐತಿ ನೋಡ.”

“ಮುಟ್ಟಬೋದೇನ್ರಿ?” ಎಂದು ಇವರನ್ನು ಕೇಳಿದೆ. ನಾನು ಕೈ ಚಾಚಿದ್ದು ಕಂಡು ಮುದುಕ ನಕ್ಕು ಕೊಂಬೆ ಬಗ್ಗಿಸಿ ಹಿಡಿದ. ಎಲೆಯ ಹಾಲು ಬೆರಳಿಗೆ ಅಂಟಿತು. ನಮ್ಮ ಬಾವಿಯ ಪಕ್ಕದ ಗಿಡದ್ದೇ ವಾಸನೆ. ಮನೆಗೆ ಮರಳುವ ದಾರಿಯುದ್ದಕ್ಕೂ ನಾನು ಬಾಯಿತುಂಬ ಮಾತಾಡಿದ್ದಕ್ಕೆ ಇವರಿಗೇ ಆಶ್ಚರ್ಯ.

ಇಲ್ಲಿಯ ಚಳಿಗೆ ಹಿಡಿದಿದ್ದ ಕೆಮ್ಮು ಕಡಿಮೆಯಾಗಿದೆ. ಊರಿಗೆ ಬಂದುಬಿಡುತ್ತೇನೆಂದು ಫೋನಿನಲ್ಲಿ ಅತ್ತಿದ್ದೆನಲ್ಲ, ಟಿಕೆಟ್ ತೆಗೆಯುವುದು ಬೇಡವೆಂದು ಅಪ್ಪನಿಗೆ ಹೇಳು. ಯಾರಾದರೂ ಈ ಕಡೆ ಬರುವವರಿದ್ದರೆ ಒಂದು ದಪ್ಪ ಕಂಬಳಿ ಕೊಟ್ಟು ಕಳಿಸು.

ಕಾರ್ಡಿನಲ್ಲಿ ಜಾಗ ಮುಗಿಯಿತು.
ನಿನ್ನ ಶೈಲಿ