ತೆರೆದ ಪುಟ

ದಾವಣಗೆರೆ, ೨-೯-೧೯೫೯

ಪೂಜ್ಯ ಮುರುಗೇಶಪ್ಪ ಮೇಷ್ಟ್ರಿಗೆ, ಏಳನೇ ಕ್ಲಾಸಿಗೆ ಶಾಲೆ ಬಿಟ್ಟ ಅಂಜಿನಪ್ಪನ ನಮಸ್ಕಾರ. ಎದುರು ನಿಂತು ಹೇಳಲಾಗದೆ ಬರೆಯುತ್ತಿದ್ದೇನೆ.

ನೀವು ಕೊಟ್ಟಿದ್ದ ಹಳೆಯ ಪದ್ಯಗಳ ಪುಸ್ತಕವನ್ನು ಹಿಂದಿರುಗಿಸುತ್ತಿದ್ದೇನೆ. ಮನೆಯಲ್ಲಿ ಓದು ಬರುವುದು ನನಗೊಬ್ಬನಿಗೇ. ಕಷ್ಟ ಬಂದಾಗಲೆಲ್ಲ ಅವ್ವ ಕೈಮುಗಿದು ಒಂದು ಪುಟ ತೆರೆಯುತ್ತಾಳೆ, ನಾನು ಓದುತ್ತೇನೆ, ಎಲ್ಲರೂ ಅದರಂತೆ ನಡೆಯುತ್ತಾರೆ.

ಪಂಚಮಿಗೆ ಗಂಡನ ಮನೆಯಿಂದ ಬಂದಿದ್ದ ಅಕ್ಕ ಓಬವ್ವ ಬೆನ್ನಿನ ಬಾಸುಂಡೆ ತೋರಿಸಿ, "ಹರಿಹರಕ್ಕೆ ವಾಪಸ್ ಹೋಗ್ಲೋ ಬ್ಯಾಡ್ವೋ, ಪುಸ್ತಕದಾಗ ಏನೈತೋ ಅದ್ನೇ ಓದು ತಮ್ಮಾ" ಅಂದಳು. ಸಹನೆಯನ್ನು ಹೊಗಳುವ ಪದ್ಯ ಬಂತು. ಬೇರೇನಾದರೂ ಓದಿದ್ದರೆ ಯಾರಿಗೂ ತಿಳಿಯುತ್ತಿರಲಿಲ್ಲ. ಇದ್ದದ್ದನ್ನೇ ಓದಿದೆ. ಮಗಳನ್ನು ನಮ್ಮಲ್ಲೇ ಬಿಟ್ಟು ಅಕ್ಕ ಹೋದಳು. ಹನ್ನೊಂದನೇ ದಿನ ಹೊಳೆಯಲ್ಲಿ ಹೆಣ ಸಿಕ್ಕಿತು. ಕಾಲು ಜಾರಿತಂತೆ, ಗಂಡನ ಮನೆಯವರು ಹಾಗೆನ್ನುತ್ತಾರೆ.

ಪದ್ಯದ್ದೇನು ತಪ್ಪು ಎಂದು ನೀವು ಕೇಳಬಹುದು. ಓದಿದವನು ನಾನು.

ನಿನ್ನೆ ಭಾವ ಮಗಳನ್ನು ಕರೆದೊಯ್ಯಲು ಬಂದಿದ್ದ. ಅವ್ವ ಮತ್ತೆ ಪುಸ್ತಕ ತಂದಳು. ತೆರೆಯಲು ಬಿಡಲಿಲ್ಲ. ಕಳಿಸುವುದಿಲ್ಲ ಎಂದೆ.

ಅಕ್ಕನ ಮಗಳು ಗಿರಿಯಮ್ಮನಿಗೆ ಆರು ವರ್ಷ. ಸೋಮವಾರ ಕರೆತರುತ್ತೇನೆ, ಶಾಲೆಗೆ ಸೇರಿಸಿಕೊಳ್ಳಿ. ಪದ್ಯ ಓದುವುದನ್ನು ಕಲಿಸಿ. ಬೇಕಾದಾಗ ಪುಟ ಮುಚ್ಚುವುದನ್ನೂ ಕಲಿಸಿ. ಅದು ನನಗೆ ತಡವಾಗಿ ಬಂತು.

ಇಂತಿ,
ನಿಮ್ಮ ಅರ್ಧಕ್ಕೆ ಬಿಟ್ಟ ವಿದ್ಯಾರ್ಥಿ
ಅಂಜಿನಪ್ಪ